ಗೆಳೆಯ ಹೋದರೆ ಸೂತಕ ಯಾರಿಗೆ?

ಅಣ್ಣ ತೀರಿಕೊಂಡರೆ ಸೂತಕ ಇದೆ, ರಜೆ ಇದೆ. ಜೀವದ ಗೆಳೆಯ ಹೋದರೆ? ತಿಥಿ ಊಟದ ಪಂಕ್ತಿಯ ಕೊನೆಯಲ್ಲಿ ಕೂತು ಎದ್ದು ಬರಬೇಕು. ಮರುದಿನ ಕೆಲಸ.

ಲೋಕ ಲೆಕ್ಕಕ್ಕೆ ಹಿಡಿಯದ ಇಂಥ ದುಃಖದ ಬಗ್ಗೆಯೇ ಅಮೆರಿಕದ ವಿದ್ವಾಂಸ ಕೆನೆತ್ ಡೋಕಾ 1989ರಲ್ಲಿ ಪುಸ್ತಕ ತಂದರು.

ಈ ದುಃಖ ಹೊಸದೇನಲ್ಲ. ಇಂಗ್ಲೆಂಡಿನ ಕವಿ ಟೆನಿಸನ್‌ನ ಗೆಳೆಯ ಆರ್ಥರ್ ಹ್ಯಾಲಮ್ 1833ರಲ್ಲಿ ವಿಯೆನ್ನಾದಲ್ಲಿ ತೀರಿಕೊಂಡ. ವಯಸ್ಸು ಬರೀ 22. ಕವಿಯ ತಂಗಿಗೆ ನಿಶ್ಚಯವಾಗಿದ್ದ ಹುಡುಗ ಬೇರೆ. ಗೆಳೆಯನ ನೆನಪಲ್ಲಿ ಟೆನಿಸನ್ ಬರೆಯುತ್ತಲೇ ಹೋದ. ಆ ಕವನ ‘ಇನ್ ಮೆಮೋರಿಯಂ’ ಅಚ್ಚಾದದ್ದು 1850ರಲ್ಲಿ. 17 ವರ್ಷ! ‘ಇನ್ನೂ ಮರೆತಿಲ್ಲವಾ’ ಅನ್ನುವವರಿಗೆ ಇದನ್ನು ಹೇಳಿ. 1852ರಲ್ಲಿ ಹುಟ್ಟಿದ ಮಗನಿಗೆ ಹ್ಯಾಲಮ್ ಎಂದೇ ಹೆಸರಿಟ್ಟ.

ನಿಮ್ಮ ಗೆಳೆಯನ ನಂಬರ್ ಫೋನಿನಲ್ಲಿ ಇನ್ನೂ ಇದೆಯಾ? ಇರಲಿ, ಅಳಿಸಬೇಡಿ. ಇವತ್ತು ಅವನ ಅಮ್ಮನಿಗೊಂದು ಫೋನ್ ಮಾಡಿ. ಅವನ ಹೆಸರು ಹಿಡಿದೇ ಮಾತಾಡಿ.