ದಾರಿಯಲ್ಲಿ ಸರಕು ತಡೆದಾಗ: ಹಣ ಕಟ್ಟಿದರೂ ಆದೇಶ ಪಡೆಯಿರಿ



ಹಿಂದೊಂದು ಹಂಗಾಮಿನಲ್ಲಿ ನಮ್ಮ ಸಂಘದ ಅಡಿಕೆ ಲಾರಿ ಮೈಸೂರು ರಸ್ತೆಯಲ್ಲಿ ರಾಜಾಜಿನಗರದ ಮಳಿಗೆಯೊಂದಕ್ಕೆ ಹೋಗುತ್ತಿದ್ದಾಗ, ಕೆಂಗೇರಿಯ ಹತ್ತಿರ ತೆರಿಗೆ ತನಿಖೆಯವರು ನಿಲ್ಲಿಸಿದರು. ಇ-ವೇ ಬಿಲ್ಲಿನ ಪಿನ್ ಕೋಡಿನಲ್ಲಿ ಒಂದು ಅಂಕಿ ತಪ್ಪಿತ್ತು. ಮಳೆ ಬರುವ ಹಾಗಿತ್ತು, ಲಾರಿ ಬಾಡಿಗೆ ಏರುತ್ತಿತ್ತು. ಕೇಳಿದಷ್ಟು ದಂಡ ಕಟ್ಟಿ ಮೂಟೆಗಳನ್ನು ಬಿಡಿಸಿಕೊಂಡೆವು. ಆಮೇಲೆ ವಕೀಲರು ಕೇಳಿದ್ದು ಒಂದೇ ಮಾತು: "ಆದೇಶದ ಪ್ರತಿ ಎಲ್ಲಿ?" ಹಣ ಕಟ್ಟಿದ ಚಲನ್ ಬಿಟ್ಟರೆ ನಮ್ಮ ಬಳಿ ಏನೂ ಇರಲಿಲ್ಲ. ಆದೇಶವಿಲ್ಲದೆ ಮೇಲ್ಮನವಿ ಹೇಗೆ? ಸದಸ್ಯರಿಗೆ ಹಂಚಬೇಕಿದ್ದ ಹಣ ಹಾಗೆಯೇ ಹೋಯಿತು.

ಇದೇ ತೊಡಕು ಕರ್ನಾಟಕದ ಅಡಿಕೆ ವ್ಯಾಪಾರ ಸಂಸ್ಥೆಯಾದ ಎಎಸ್‌ಪಿ ಟ್ರೇಡರ್ಸ್‌ಗೂ ಬಂದಿತ್ತು. 2022ರಲ್ಲಿ ದೆಹಲಿಗೆ ಕಳಿಸಿದ ಅವರ ಅಡಿಕೆಯನ್ನು ಉತ್ತರ ಪ್ರದೇಶದ ಝಾನ್ಸಿಯಲ್ಲಿ ತಡೆಹಿಡಿದರು. ಅವರು ಹಣ ಕಟ್ಟಿ ಸರಕು ಬಿಡಿಸಿಕೊಂಡು, ಬಳಿಕ ಆದೇಶ ಕೇಳಿದರು. ಹಣ ಕಟ್ಟಿದ ಮೇಲೆ ಪ್ರಕರಣ ಮುಗಿಯಿತೆಂದು ಅಲಹಾಬಾದ್ ಹೈಕೋರ್ಟ್ ಅರ್ಜಿಯನ್ನು ತಳ್ಳಿಹಾಕಿತು. ಸರ್ವೋಚ್ಚ ನ್ಯಾಯಾಲಯವು 2025ರ ಜುಲೈ 24ರಂದು ಆ ತೀರ್ಪನ್ನು ರದ್ದುಪಡಿಸಿತು. ಸರಕು ಬಿಡಿಸಿಕೊಳ್ಳಲು ಹಣ ಕಟ್ಟಿದ ಮಾತ್ರಕ್ಕೆ ತಪ್ಪೊಪ್ಪಿಕೊಂಡಂತಲ್ಲ. ಅಧಿಕಾರಿ ಕಾರಣಸಹಿತ ಆದೇಶ ಕೊಡಲೇಬೇಕು. ಇಲ್ಲದಿದ್ದರೆ ಮೇಲ್ಮನವಿಯ ಹಕ್ಕೇ ಇಲ್ಲವಾಗುತ್ತದೆ ಎಂಬುದು ತೀರ್ಪಿನ ಸಾರ.

ಜಿಎಸ್‌ಟಿ ಕಾಯಿದೆಯ 129ನೆಯ ಕಲಮಿನಂತೆ, ಸರಕು ತಡೆದ 7 ದಿನಗಳೊಳಗೆ ನೋಟೀಸು ಕೊಡಬೇಕು. ನೋಟೀಸು ತಲುಪಿದ 7 ದಿನಗಳೊಳಗೆ ಆದೇಶವಾಗಬೇಕು. ನೋಟೀಸಿನ ನಮೂನೆ ಎಂಒವಿ-07, ಆದೇಶದ್ದು ಎಂಒವಿ-09. 2022ರ ಜನವರಿ 1ರಿಂದ, ಮಾಲೀಕರು ಮುಂದೆ ಬಂದರೆ ದಂಡ ತೆರಿಗೆಯ ಎರಡರಷ್ಟು. ಒಣ ಅಡಿಕೆಗೆ ತೆರಿಗೆ ಶೇಕಡಾ 5. ಹತ್ತು ಲಕ್ಷದ ಅಡಿಕೆಯೆಂದರೆ ತೆರಿಗೆ 50 ಸಾವಿರ, ದಂಡ ಒಂದು ಲಕ್ಷ! ಸಣ್ಣ ಬೆಳೆಗಾರರಿಗೆ ಇದು ಸಣ್ಣ ಮೊತ್ತವಲ್ಲ.

ಎಲ್ಲ ತಪ್ಪಿಗೂ ಇಷ್ಟು ದಂಡವಿಲ್ಲ. ಬಿಲ್ಲು ಮತ್ತು ಇ-ವೇ ಬಿಲ್ಲು ಎರಡೂ ಜೊತೆಗಿದ್ದು, ಹೆಸರಿನ ಕಾಗುಣಿತ ತಪ್ಪಿದ್ದರೆ, ಅಥವಾ ವಿಳಾಸ ಸರಿಯಿದ್ದು ಪಿನ್ ಕೋಡ್ ಮಾತ್ರ ತಪ್ಪಿದ್ದರೆ, 129ರ ಕ್ರಮ ಕೈಗೊಳ್ಳಬಾರದೆಂದು ಕೇಂದ್ರದ 2018ರ ಸೆಪ್ಟೆಂಬರ್ 14ರ ಸುತ್ತೋಲೆ ಹೇಳುತ್ತದೆ. ಪಿನ್ ಕೋಡಿನ ತಪ್ಪಿನಿಂದ ಬಿಲ್ಲಿನ ಅವಧಿ ಹೆಚ್ಚಿರಬಾರದು, ಅಷ್ಟೆ. ಅಂಥ ತಪ್ಪಿಗೆ ದಂಡ ಕೇಂದ್ರಕ್ಕೆ 500, ರಾಜ್ಯಕ್ಕೆ 500, ಒಟ್ಟು ಸಾವಿರ ರೂಪಾಯಿ. ನಮಗೆ ಇದು ಅಂದು ತಿಳಿದಿರಲಿಲ್ಲ.

ಹಾಗೆಂದು ಕಾಗದಪತ್ರದಲ್ಲಿ ಉದಾಸೀನ ಸಲ್ಲದು. ಚೆಕ್‌ಪೋಸ್ಟುಗಳ ಕಾಲದಲ್ಲಿ, 1986ರ ಸೋಧಿ ಟ್ರಾನ್ಸ್‌ಪೋರ್ಟ್ ಪ್ರಕರಣದಲ್ಲಿ, ನಮ್ಮ ಮಂಡ್ಯ ಜಿಲ್ಲೆಯವರಾದ ನ್ಯಾಯಮೂರ್ತಿ ಇ. ಎಸ್. ವೆಂಕಟರಾಮಯ್ಯನವರು ಬರೆದ ತೀರ್ಪು ಎರಡೂ ಮಾತು ಹೇಳಿತ್ತು. ಸಾಗಣೆಯ ಪಾಸನ್ನು ಒಪ್ಪಿಸದಿದ್ದರೆ ಸರಕು ರಾಜ್ಯದೊಳಗೇ ಮಾರಾಟವಾಯಿತೆಂದು ಇಲಾಖೆ ಭಾವಿಸಬಹುದು. ಆದರೆ ಅದು ಸುಳ್ಳೆಂದು ರುಜುವಾತುಪಡಿಸುವ ಅವಕಾಶ ಸಾಗಿಸಿದವನಿಗೆ ಇದ್ದೇ ಇದೆ. ರುಜುವಾತಿಗೆ ಬೇಕಾದದ್ದು ಕಾಗದವೇ.

ಆದ್ದರಿಂದ ಸದಸ್ಯರು ಗಮನಿಸಬೇಕಾದದ್ದು:

1. ಸಂಘವೇ ಕೊಳ್ಳುವ ಒಣ ಅಡಿಕೆಯನ್ನು ನೀವು ತರುವಾಗ ಮೌಲ್ಯ 50,000 ರೂಪಾಯಿ ಮೀರಿದರೆ, ಇ-ವೇ ಬಿಲ್ಲಿನ ಹೊಣೆ ನೋಂದಾಯಿತ ಖರೀದಿದಾರರಾದ ನಮ್ಮದು. ಗಾಡಿ ಹೊರಡುವ ಮೊದಲೇ ತಿಳಿಸಿ. ಹುರಿಯದ ಕಾಫಿ ಬೀಜಕ್ಕೆ ತೆರಿಗೆಯೂ ಇಲ್ಲ, ಇ-ವೇ ಬಿಲ್ಲೂ ಬೇಡ.

2. ಲಾರಿ ತಡೆದರೆ ಚಾಲಕನು ಖಾಲಿ ಕಾಗದಕ್ಕೆ ಸಹಿ ಹಾಕದೆ, ಕೂಡಲೇ ಸಂಘಕ್ಕೆ ಫೋನ್ ಮಾಡಲಿ.

3. ಹಣ ಕಟ್ಟಲೇಬೇಕಾಗಿ ಬಂದರೆ, ಆಕ್ಷೇಪಣೆಯೊಂದಿಗೆ ಕಟ್ಟುತ್ತಿದ್ದೇವೆಂದು ಬರೆದುಕೊಟ್ಟು, ಎಂಒವಿ-09 ಆದೇಶವನ್ನು ಬರವಣಿಗೆಯಲ್ಲೇ ಕೇಳಿ.

4. ಆದೇಶ ತಲುಪಿದ ಮೂರು ತಿಂಗಳೊಳಗೆ ಮೇಲ್ಮನವಿ ಸಲ್ಲಿಸಬೇಕು. ಕಾಗದಗಳನ್ನು ತಡಮಾಡದೆ ಸಂಘದ ಕಛೇರಿಗೆ ತನ್ನಿ.

ಅಂದು ನಾವು ಆದೇಶ ಕೇಳಲಿಲ್ಲ. ನೀವು ಕೇಳಿ.