ಕೊಂಡಿ ಕುಟುಕಿದಾಗ

ಕನ್ನಡದಲ್ಲಿ ‘ಕೊಂಡಿ’ ಎಂಬ ಮಾತಿಗೆ ಎರಡು ಅರ್ಥಗಳುಂಟು. ಸರಪಣಿಯ ಒಂದು ಬಳೆಯನ್ನು ಇನ್ನೊಂದಕ್ಕೆ ಸೇರಿಸುವುದೂ ಕೊಂಡಿಯೇ. ಚೇಳು ತನ್ನ ಬಾಲದ ತುದಿಯಲ್ಲಿ ಎತ್ತಿ ಹಿಡಿದುಕೊಂಡಿರುವುದೂ ಕೊಂಡಿಯೇ. ಮೊಬೈಲಿನ ತೆರೆಯ ಮೇಲೆ ನೀಲಿಯ ಅಕ್ಷರಗಳಲ್ಲಿ ಮೂಡುವ ‘ಲಿಂಕ್’ ಎಂಬುದಕ್ಕೆ ಕೊಂಡಿ ಎಂದು ಹೆಸರಿಟ್ಟವರು ಮೊದಲನೆಯ ಅರ್ಥವನ್ನೇ ಮನಸ್ಸಿನಲ್ಲಿಟ್ಟುಕೊಂಡಿದ್ದಿರಬೇಕು. ಎರಡನೆಯ ಅರ್ಥವೂ ಅದಕ್ಕೆ ಇಷ್ಟು ಚೆನ್ನಾಗಿ ಒಪ್ಪೀತೆಂದು ಅವರು ಎಣಿಸಿರಲಾರರು.

ಚೇಳು ಕುಟುಕಿದವನು ಏನು ಮಾಡುತ್ತಾನೆ? ಮೊದಲು ಕೂಗಿಕೊಳ್ಳುತ್ತಾನೆ. ಮನೆಯವರು ದೀಪ ಹಿಡಿದು ಓಡಿಬರುತ್ತಾರೆ, ನೆರೆಯವರು ಬರುತ್ತಾರೆ, ತಿಳಿದವರು ಔಷಧದ ಮಾತೆತ್ತುತ್ತಾರೆ. ಕೂಗದೆ ಹಲ್ಲುಕಚ್ಚಿ ಕುಳಿತುಕೊಳ್ಳುವವನು ಒಬ್ಬನೇ. ಅವನು ಇನ್ನೊಬ್ಬರ ಮನೆಗೆ ಕನ್ನ ಹಾಕಲು ಹೋದವನು. ‘ಕಳ್ಳನಿಗೆ ಚೇಳು ಕುಟುಕಿದ ಹಾಗೆ’ ಎಂಬ ಗಾದೆ ಹುಟ್ಟಿದ್ದು ಅವನಿಂದ. ಆದರೆ ಈ ಹೊಸ ಕೊಂಡಿಯ ವಿಚಾರದಲ್ಲಿ ಗಾದೆ ತಲೆಕೆಳಗಾಗಿದೆ. ಕುಟುಕಿಸಿಕೊಂಡ ಪ್ರಾಮಾಣಿಕನು ಸದ್ದಿಲ್ಲದೆ ಕುಳಿತಿರುತ್ತಾನೆ. ಕಳ್ಳನು ನಿರ್ಭಯನಾಗಿ ಓಡಾಡುತ್ತಾನೆ. ಅನುಮಾನದ ಕೊಂಡಿಯನ್ನು ಒತ್ತಿಬಿಟ್ಟ ಮೇಲೆ ಮಾಡತಕ್ಕುದೇನು ಎಂಬ ಪ್ರಶ್ನೆಗೆ ಉತ್ತರ ಹೇಳುವ ಮೊದಲು, ಈ ಮೌನವನ್ನು ಕುರಿತು ಎರಡು ಮಾತು ಹೇಳಬೇಕು.

ನಮ್ಮ ನೆರೆಮನೆಯಲ್ಲಿ ಒಬ್ಬ ನಿವೃತ್ತ ಉಪಾಧ್ಯಾಯರಿದ್ದಾರೆ. 34 ವರ್ಷ ಹೈಸ್ಕೂಲಿನಲ್ಲಿ ಗಣಿತ ಹೇಳಿಕೊಟ್ಟವರು. ಬೀದಿಯವರೆಲ್ಲ ಅವರನ್ನು ಲೆಕ್ಕದ ಮೇಷ್ಟ್ರೆಂದೇ ಕರೆಯುವುದು. ಒಂದು ಭಾನುವಾರ ಬೆಳಿಗ್ಗೆ ಅವರು ನಮ್ಮ ಮನೆಗೆ ಬಂದು, ಕಾಫಿಯ ಲೋಟವನ್ನು ಕೈಯಲ್ಲಿ ಹಿಡಿದುಕೊಂಡು ಬಹಳ ಹೊತ್ತು ಸುಮ್ಮನಿದ್ದು, “ನನ್ನ ಸ್ನೇಹಿತರೊಬ್ಬರಿಗೆ ಒಂದು ತೊಂದರೆಯಾಗಿದೆ, ಸ್ವಾಮಿ. ಅವರ ಪರವಾಗಿ ಕೇಳುತ್ತೇನೆ” ಎಂದರು. ಆ ಸ್ನೇಹಿತರು ಯಾರೆಂಬುದನ್ನು ಅವರ ಕೈಯ ಲೋಟವೇ ಹೇಳುತ್ತಿತ್ತು.

ನಡೆದುದು ಇಷ್ಟು. ಶುಕ್ರವಾರ ಸಂಜೆ ಅವರ ಹಳೆಯ ಶಿಷ್ಯನೊಬ್ಬನ ವಾಟ್ಸಾಪಿನಿಂದ ಒಂದು ಮದುವೆಯ ಕರೆಯೋಲೆ ಬಂದಿತ್ತು. ಲಗ್ನಪತ್ರಿಕೆಯನ್ನು ತೆರೆಯದೆ ಇಡುವ ಪದ್ಧತಿ ನಮ್ಮಲ್ಲಿಲ್ಲ. ಅರಿಸಿನ ಕುಂಕುಮ ಹಚ್ಚಿದ ಕಾಗದವಾದರೇನು, ಮೊಬೈಲಿಗೆ ಬಂದ ಕಡತವಾದರೇನು, ಗುರುವನ್ನು ನೆನೆದು ಕಳುಹಿಸಿದ್ದಾನಲ್ಲ! ಮೇಷ್ಟ್ರು ಒತ್ತಿದರು. ‘ಇದನ್ನು ಸ್ಥಾಪಿಸಲು ಅನುಮತಿ ಕೊಡಿ’ ಎಂದಿತು, ಕೊಟ್ಟರು. ಪತ್ರಿಕೆ ಮಾತ್ರ ತೆರೆಯಲೇ ಇಲ್ಲ. ಅದು ಕರೆಯೋಲೆಯಲ್ಲ, ಎಪಿಕೆ ಎಂಬ ಬಗೆಯ ಕಡತ, ಎಂದರೆ ಆಂಡ್ರಾಯ್ಡ್ ಫೋನಿನಲ್ಲಿ ನೆಲೆಸುವ ಒಂದು ಆ್ಯಪ್. 2024ರ ಕಡೆಯ ಹೊತ್ತಿಗೆ ಹಲವು ರಾಜ್ಯಗಳ ಪೊಲೀಸರು ಇಂಥ ಕರೆಯೋಲೆಗಳನ್ನು ಕುರಿತು ಎಚ್ಚರಿಕೆ ಕೊಟ್ಟಿದ್ದರು. ವಾಹನದ ದಂಡದ ಚಲನ್ ಎಂದೂ, ಬ್ಯಾಂಕಿನ ಕೆವೈಸಿ ಎಂದೂ, ಸರಕಾರದ ಯೋಜನೆಯ ಹಣವೆಂದೂ ಇದೇ ಚೇಳು ಬೇರೆ ಬೇರೆ ವೇಷಗಳಲ್ಲಿ ಬರುವುದುಂಟು.

ಶನಿವಾರ ಮಧ್ಯಾಹ್ನ ಔಷಧದ ಅಂಗಡಿಯಲ್ಲಿ ಹಣ ಕೊಡಲು ಹೋದಾಗ, ಖಾತೆಯಲ್ಲಿ ಇರಬೇಕಾದುದಕ್ಕಿಂತ ಬಹಳ ಕಡಿಮೆ ಇರುವುದು ಮೇಷ್ಟ್ರಿಗೆ ಕಂಡಿತು. ಆ ವೇಳೆಗೆ ಎರಡು ಸಲ ಹಣ ಹೋಗಿತ್ತು. ಅವರು ಮನೆಗೆ ಬಂದು ಬಾಗಿಲು ಹಾಕಿಕೊಂಡು ಕುಳಿತರು. ಹೆಂಡತಿಗೆ ಹೇಳಲಿಲ್ಲ, ಮಗನಿಗೆ ಹೇಳಲಿಲ್ಲ. ಲೆಕ್ಕದ ಮೇಷ್ಟ್ರು ಲೆಕ್ಕ ತಪ್ಪಿದರೆಂದು ಊರು ನಗಲಾರದೆ? ಅಂದು ರಾತ್ರಿ ಮೂರನೆಯ ಸಲ ಹಣ ಹೋಯಿತು. ಮೊದಲ ಎರಡು ನಷ್ಟಗಳು ಮೋಸಗಾರನಿಂದ ಆದುವು. ಮೂರನೆಯದರಲ್ಲಿ ಸಂಕೋಚದ ಪಾಲೂ ಇತ್ತು.

ಈಗ ಮುಖ್ಯ ವಿಷಯಕ್ಕೆ ಬರೋಣ. ಕೊಂಡಿಯನ್ನು ಒತ್ತಿದವರೆಲ್ಲರ ಸ್ಥಿತಿಯೂ ಒಂದೇ ಅಲ್ಲ. ಬರಿದೆ ಮುಟ್ಟಿದುದು ಒಂದು. ಅಲ್ಲಿ ಕೇಳಿದ್ದನ್ನು ಕೊಟ್ಟುದು ಇನ್ನೊಂದು. ಬಂದುದನ್ನು ಒಳಗೆ ಬಿಟ್ಟುಕೊಂಡುದು ಮೂರನೆಯದು. ತಾನು ಯಾವ ಮೆಟ್ಟಿಲಿನಲ್ಲಿ ನಿಂತಿದ್ದೇನೆ ಎಂಬುದನ್ನು ಮೊದಲು ತಿಳಿದುಕೊಳ್ಳಬೇಕು.

ಬರಿದೆ ಮುಟ್ಟಿದವರು ಹೆಚ್ಚು ಹೆದರಬೇಕಾಗಿಲ್ಲ. ಈಚಿನ ಫೋನುಗಳಲ್ಲಿ ಒಂದೊಂದು ಆ್ಯಪ್‌ಗೂ ಬೇರೆ ಬೇರೆ ಕೋಣೆಯಿದ್ದಂತೆ ಏರ್ಪಾಡಿದೆ. ಒಂದು ಪುಟ ತೆರೆದ ಮಾತ್ರಕ್ಕೆ ಕಳ್ಳನು ಮನೆಯನ್ನೆಲ್ಲ ಹೊಕ್ಕುಬಿಡುವುದು ಅಪರೂಪ. ಪುಟವನ್ನು ಮುಚ್ಚಿಬಿಡಿ. ಅಲ್ಲಿ ಯಾವುದನ್ನೂ ಬರೆಯಬೇಡಿ. ‘ಸರಿ’ ಎಂಬ ಗುಂಡಿಯನ್ನೂ ಒತ್ತಬೇಡಿ. ‘ನಿಮ್ಮ ಫೋನಿನಲ್ಲಿ ವೈರಸ್ ಇದೆ, ಇಲ್ಲಿ ಒತ್ತಿ’ ಎಂದು ಪುಟವೇ ಕೂಗಿಕೊಂಡರೆ ನಂಬಬೇಡಿ. ಯಾವುದಾದರೂ ಕಡತ ತಾನಾಗಿ ಇಳಿದಿದ್ದರೆ ತೆರೆಯದೆ ಅಳಿಸಿಹಾಕಿ. ಬ್ರೌಸರಿನಲ್ಲಿ ಉಳಿದ ಆ ಪುಟದ ಕುರುಹುಗಳನ್ನು ತೆಗೆದು, ಫೋನಿನ ತಂತ್ರಾಂಶಕ್ಕೆ ಹೊಸ ಪರಿಷ್ಕರಣೆ ಬಂದಿದ್ದರೆ ಹಾಕಿಸಿಕೊಳ್ಳಿ. ಹಳೆಯ ತಂತ್ರಾಂಶದ ಬಿರುಕುಗಳ ಮೂಲಕ ನುಸುಳುವಿಕೆ ನಡೆಯುವುದುಂಟು.

ಎರಡನೆಯ ಮೆಟ್ಟಿಲು, ಗುಪ್ತಪದವನ್ನೋ ಕಾರ್ಡಿನ ಸಂಖ್ಯೆಯನ್ನೋ ಒಟಿಪಿಯನ್ನೋ ಅಲ್ಲಿ ಬರೆದುಬಿಟ್ಟವರದು. ಇವರ ಫೋನಿಗೆ ಏನೂ ಆಗಿಲ್ಲದಿರಬಹುದು. ಆದರೆ ಬೀಗದ ಕೈ ಪರರ ವಶವಾಗಿದೆ. ಬೀಗವನ್ನೇ ಬದಲಾಯಿಸಬೇಕು. ಎಲ್ಲಕ್ಕಿಂತ ಮೊದಲು ಇ-ಮೇಲಿನ ಗುಪ್ತಪದ. ಏಕೆಂದರೆ ಉಳಿದ ಖಾತೆಗಳ ಗುಪ್ತಪದ ಮರೆತಾಗ ಹೊಸದು ಪಡೆಯುವ ದಾರಿ ಸಾಮಾನ್ಯವಾಗಿ ಇ-ಮೇಲಿನ ಮೂಲಕವೇ ಹೋಗುತ್ತದೆ. ಅದೇ ಗುಪ್ತಪದವನ್ನು ಬೇರೆ ಕಡೆಗಳಲ್ಲಿಯೂ ಇಟ್ಟುಕೊಂಡಿದ್ದರೆ ಅಲ್ಲಿಯೂ ಬದಲಾಯಿಸಬೇಕು. ‘ಎಲ್ಲ ಸಾಧನಗಳಿಂದ ಹೊರಬನ್ನಿ’ ಎಂಬ ಏರ್ಪಾಡನ್ನು ಉಪಯೋಗಿಸಿ, ಎರಡು ಹಂತದ ಪರಿಶೀಲನೆಯನ್ನು ಹಾಕಿಸಬೇಕು. ವಾಟ್ಸಾಪಿನಲ್ಲಿ ‘ಸೇರಿಸಿದ ಸಾಧನಗಳು’ ಎಂಬ ಪಟ್ಟಿಯನ್ನು ನೋಡಿ, ಗುರುತಿಲ್ಲದುದನ್ನು ತೆಗೆದುಹಾಕಬೇಕು. ಕಾರ್ಡಿನ ಅಥವಾ ಯುಪಿಐ ಪಿನ್ನಿನ ವಿವರ ಹೋಗಿದ್ದರೆ ಒಡನೆಯೇ ಬ್ಯಾಂಕಿಗೆ ಹೇಳಿ ಅವನ್ನು ತಡೆಹಿಡಿಸಬೇಕು. ಬ್ಯಾಂಕಿನ ಸಂಖ್ಯೆಯನ್ನು ಕಾರ್ಡಿನ ಹಿಂಬದಿಯಲ್ಲೋ ಪಾಸ್‌ಬುಕ್ಕಿನಲ್ಲೋ ನೋಡಿಕೊಳ್ಳುವುದು ಕ್ಷೇಮ. ಗಾಬರಿಯಲ್ಲಿ ಅಂತರಜಾಲದಲ್ಲಿ ಹುಡುಕಿದರೆ ಸಿಕ್ಕುವ ಸಂಖ್ಯೆ ಇನ್ನೊಬ್ಬ ಕಳ್ಳನದಾಗಿರಬಹುದು.

ಮೂರನೆಯದು ಮೇಷ್ಟ್ರ ಸ್ಥಿತಿ. ಇದು ಎಲ್ಲಕ್ಕಿಂತ ಕಠಿನವಾದುದು. ಒಳಗೆ ಬಂದ ಆ್ಯಪ್ ಮೊದಲು ಎಸ್‌ಎಂಎಸ್ ಓದುವ ಅನುಮತಿ ಕೇಳುತ್ತದೆ. ಒಟಿಪಿ ಬರುವುದು ಅಲ್ಲಿಯೇ ಅಲ್ಲವೆ? ಅನಂತರ ಅದು ‘ಆ್ಯಕ್ಸೆಸಿಬಿಲಿಟಿ’ ಎಂಬ ಇನ್ನೊಂದು ಅನುಮತಿಯನ್ನು ಕೇಳುವುದುಂಟು. ದೃಷ್ಟಿಯಿಲ್ಲದವರಿಗೆ ತೆರೆಯ ಮೇಲಿರುವುದನ್ನು ಓದಿಹೇಳಲೆಂದು, ಕೈ ಸ್ವಾಧೀನವಿಲ್ಲದವರ ಪರವಾಗಿ ಗುಂಡಿಗಳನ್ನು ಒತ್ತಲೆಂದು ಕರುಣೆಯಿಂದ ಮಾಡಿದ ವ್ಯವಸ್ಥೆ ಅದು. ಆ ಅನುಮತಿ ಸಿಕ್ಕಿದ ಕಳ್ಳ ಆ್ಯಪ್ ನಿಮ್ಮ ತೆರೆಯನ್ನು ಓದಬಲ್ಲುದು. ನಿಮ್ಮ ಬೆರಳಿನ ಕೆಲಸವನ್ನು ತಾನೇ ಮಾಡಬಲ್ಲುದು. ಬ್ಯಾಂಕಿನಿಂದ ಬಂದ ಸಂದೇಶಗಳು ಮೇಷ್ಟ್ರ ಕಣ್ಣಿಗೆ ಬೀಳದೆ ಮಾಯವಾದುದರ ಗುಟ್ಟು ಇಂಥದೇ.

ಇಲ್ಲಿ ಕ್ರಮ ಮುಖ್ಯ. ಮೊದಲು ಫೋನನ್ನು ಹೊರಲೋಕದಿಂದ ಕತ್ತರಿಸಬೇಕು: ಏರೋಪ್ಲೇನ್ ಮೋಡಿಗೆ ಹಾಕಿ, ವೈ-ಫೈಯೂ ನಿಂತಿದೆಯೇ ಎಂದು ನೋಡಬೇಕು. ಹೊರಗಿನ ದಾರಿ ಮುಚ್ಚಿದರೆ ಒಳಗಿನವನು ಕದ್ದುದನ್ನು ಸಾಗಿಸಲಾರ. ಎರಡನೆಯದಾಗಿ, ಮನೆಯವರದೋ ನೆರೆಯವರದೋ ಬೇರೊಂದು ಫೋನಿನಿಂದ ಬ್ಯಾಂಕಿಗೂ 1930ಕ್ಕೂ ಕರೆಮಾಡಬೇಕು. ಮೂರನೆಯದಾಗಿ, ಆ ಸಂದೇಶವನ್ನೂ ಕಡತದ ಹೆಸರನ್ನೂ ಹಣ ಹೋದ ವಿವರಗಳನ್ನೂ ಮತ್ತೊಂದು ಫೋನಿನಲ್ಲಿ ಚಿತ್ರ ತೆಗೆದಿಟ್ಟುಕೊಳ್ಳಬೇಕು. ಗಾಬರಿಯಿಂದ ಎಲ್ಲವನ್ನೂ ಅಳಿಸಿದರೆ ಸಾಕ್ಷ್ಯವೂ ಅಳಿಸಿಹೋಗುತ್ತದೆ. ಇಷ್ಟಾದ ಮೇಲೆ ಆ್ಯಪಿನ ಉಚ್ಚಾಟನೆ. ಅದರ ಚಿಹ್ನೆ ಮರೆಯಾಗಿರಬಹುದು. ಸೆಟ್ಟಿಂಗ್ಸಿನಲ್ಲಿರುವ ಆ್ಯಪ್‌ಗಳ ಪಟ್ಟಿಯಲ್ಲಿ ಹುಡುಕಬೇಕು. ತೆಗೆಯಲು ಬಿಡದಿದ್ದರೆ, ಮೊದಲು ಆ್ಯಕ್ಸೆಸಿಬಿಲಿಟಿ ಮತ್ತು ‘ಡಿವೈಸ್ ಅಡ್ಮಿನ್’ ಎಂಬ ಅನುಮತಿಗಳನ್ನು ಹಿಂತೆಗೆದುಕೊಳ್ಳಬೇಕು. ಆದರೂ ಅನುಮಾನ ಉಳಿದರೆ, ಚಿತ್ರಗಳನ್ನೂ ಸಂಪರ್ಕ ಸಂಖ್ಯೆಗಳನ್ನೂ ಬೇರೆ ಕಡೆ ಇರಿಸಿಕೊಂಡು, ಫೋನನ್ನು ಕಾರ್ಖಾನೆಯಿಂದ ಬಂದಾಗಿನ ಸ್ಥಿತಿಗೆ ತರುವುದೇ ಲೇಸು. ಗುಪ್ತಪದಗಳ ಬದಲಾವಣೆ ಬೇರೊಂದು ಸಾಧನದಿಂದಲೇ ಆಗಬೇಕು. ಕಳ್ಳನು ಒಳಗಿರುವಾಗ ಅವನೆದುರಿಗೆ ಹೊಸ ಬೀಗ ಹಾಕಿ ಪ್ರಯೋಜನವಿಲ್ಲ. ಕರೆಗಳನ್ನು ತಮ್ಮ ಕಡೆಗೆ ತಿರುಗಿಸಿಕೊಳ್ಳುವ ಮೋಸವೂ ಇರುವುದರಿಂದ, ಸಂಪರ್ಕ ಮರಳಿದೊಡನೆ ##002# ಎಂದು ಒತ್ತಿ ಆ ತಿರುವುಗಳನ್ನೆಲ್ಲ ರದ್ದುಮಾಡುವುದು ಒಳ್ಳೆಯದು.

1930 ಎಂಬ ಸಂಖ್ಯೆಯ ವಿಚಾರವನ್ನು ಸ್ವಲ್ಪ ವಿವರವಾಗಿ ಹೇಳಬೇಕು. 2021ರಲ್ಲಿ 155260 ಎಂಬ ಸಂಖ್ಯೆಯೊಂದಿಗೆ ಕೇಂದ್ರ ಗೃಹ ಇಲಾಖೆ ಪ್ರಾರಂಭಿಸಿದ ಸಹಾಯವಾಣಿಯ ಈಗಿನ ಸಂಖ್ಯೆ ಅದು. ಕರೆ ಮಾಡಿದವರ ದೂರು ದಾಖಲಾದೊಡನೆ, ಹಣ ಯಾವ ಬ್ಯಾಂಕಿಗೆ ಹೋಗಿದೆಯೋ ಆ ಬ್ಯಾಂಕಿಗೆ ಸೂಚನೆ ಹೋಗುತ್ತದೆ. ಹಣ ಇನ್ನೂ ಅಲ್ಲಿದ್ದರೆ ಅದನ್ನು ತಡೆದು ನಿಲ್ಲಿಸುತ್ತಾರೆ. ಮುಂದಿನ ಬ್ಯಾಂಕಿಗೆ ದಾಟಿದ್ದರೆ ಸೂಚನೆಯೂ ಅದರ ಬೆನ್ನು ಹತ್ತುತ್ತದೆ. ಕಳ್ಳರು ಹಣವನ್ನು ಒಂದು ಖಾತೆಯಿಂದ ಇನ್ನೊಂದಕ್ಕೆ, ಅಲ್ಲಿಂದ ಮತ್ತೊಂದಕ್ಕೆ ಹಂಚಿ, ಕಡೆಗೆ ಯಾವುದೋ ಎಟಿಎಂನಲ್ಲಿ ನೋಟುಗಳಾಗಿ ತೆಗೆದುಬಿಡುತ್ತಾರೆ. ನೋಟಾದ ಹಣ ಕೈಗೆ ಸಿಕ್ಕುವುದಿಲ್ಲ. ಆದುದರಿಂದಲೇ ಮೊದಲ ಒಂದೆರಡು ಗಂಟೆಗಳಿಗೆ ಅಷ್ಟು ಬೆಲೆ. ಅನಂತರ ರಾಷ್ಟ್ರೀಯ ಸೈಬರ್ ಅಪರಾಧ ಜಾಲತಾಣದಲ್ಲಿಯೂ ಪೊಲೀಸ್ ಠಾಣೆಯಲ್ಲಿಯೂ ದೂರನ್ನು ಪೂರ್ಣಗೊಳಿಸಬೇಕು. 2001ರಷ್ಟು ಹಿಂದೆಯೇ ಬೆಂಗಳೂರಿನಲ್ಲಿ ಸೈಬರ್ ಅಪರಾಧಗಳಿಗೆಂದೇ ಪೊಲೀಸ್ ಠಾಣೆ ಏರ್ಪಟ್ಟಿತು. ಈಗ ಜಿಲ್ಲೆಗಳಲ್ಲಿಯೂ ‘ಸೆನ್’ ಠಾಣೆಗಳಿವೆ.

ಮೌನದ ಬೆಲೆ ಏನೆಂಬುದನ್ನು ರಿಸರ್ವ್ ಬ್ಯಾಂಕು 2017ರ ಜುಲೈ 6ರಂದು ಹೊರಡಿಸಿದ ಸುತ್ತೋಲೆಯಲ್ಲಿ ಸ್ಪಷ್ಟವಾಗಿ ಕಾಣಬಹುದು. ಬ್ಯಾಂಕಿನದೂ ಗ್ರಾಹಕನದೂ ತಪ್ಪಿಲ್ಲದೆ ಮೂರನೆಯವರಿಂದ ಹಣ ಹೋಗಿದ್ದು, ಸೂಚನೆ ಬಂದ 3 ಕೆಲಸದ ದಿನಗಳೊಳಗೆ ಗ್ರಾಹಕನು ತಿಳಿಸಿದರೆ ಅವನ ಮೇಲೆ ಹೊಣೆಯಿಲ್ಲ. 4ರಿಂದ 7 ದಿನಗಳೊಳಗಾದರೆ ಮಿತವಾದ ಹೊಣೆ ಎಂದು ಅದು ಗೊತ್ತುಮಾಡಿತು. ಗ್ರಾಹಕನೇ ಗುಟ್ಟನ್ನು ಬಿಟ್ಟುಕೊಟ್ಟು ಎಡವಿದ್ದರೆ, ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟ ಅವನದು. ತಿಳಿಸಿದ ಮೇಲಿನ ನಷ್ಟ ಬ್ಯಾಂಕಿನದು. ಎಂದರೆ, ತಪ್ಪು ಮಾಡಿದವನಿಗೂ ಬಾಯಿ ತೆರೆದ ಕ್ಷಣದಿಂದ ರಕ್ಷಣೆಯುಂಟು. ಬಾಯಿ ತೆರೆಯುವವರೆಗೆ ಇಲ್ಲ.

ಇದನ್ನೆಲ್ಲ ಕೇಳಿದ ಮೇಷ್ಟ್ರು, “ಹಾಗಾದರೆ ಆ ಮೂರನೆಯ ಸಲದ ಹಣ?” ಎಂದರು. ಸ್ನೇಹಿತರ ಸುದ್ದಿ ಆ ವೇಳೆಗೆ ಮರೆತುಹೋಗಿತ್ತು. “ಮೊದಲು ಫೋನು ಮಾಡೋಣ, ಮೇಷ್ಟ್ರೇ. ಲೆಕ್ಕ ಆಮೇಲೆ” ಎಂದು ನಾನು ನನ್ನ ಫೋನನ್ನೇ ಅವರ ಕೈಗೆ ಕೊಟ್ಟೆ. ಮೊದಲ ಎರಡು ಸಲದ ಹಣ ಎಲ್ಲೆಲ್ಲಿಯೋ ಹರಿದುಹೋಗಿತ್ತು. ಮೂರನೆಯದರಲ್ಲಿ ಒಂದು ಪಾಲು ಯಾವುದೋ ದೂರದ ಖಾತೆಯಲ್ಲಿ ಇನ್ನೂ ಉಳಿದಿದ್ದು, ತಡೆಹಿಡಿಯಲ್ಪಟ್ಟಿತು. ಅದು ಕಾನೂನಿನ ಕ್ರಮದಂತೆ ಅವರ ಕೈಸೇರಲು ತಿಂಗಳುಗಳೇ ಬೇಕಾದುವು. ಈ ನಡುವೆ, ‘ನಿಮ್ಮ ಹಣವನ್ನೆಲ್ಲ ಕೊಡಿಸುತ್ತೇವೆ, ಮೊದಲು ಇಷ್ಟು ಶುಲ್ಕ ಕಟ್ಟಿ’ ಎಂದು ಒಬ್ಬರು ಕರೆಮಾಡಿದರಂತೆ. ಒಮ್ಮೆ ಮೋಸಹೋದವರನ್ನು ಹುಡುಕಿಕೊಂಡು ಬರುವ ಎರಡನೆಯ ಕಳ್ಳರಿವರು. ಮೇಷ್ಟ್ರು ಆ ಸಂಖ್ಯೆಯನ್ನೂ ಪೊಲೀಸರಿಗೆ ಬರೆದುಕೊಟ್ಟರು.

ಅವರನ್ನು ಹೆಚ್ಚು ನೋಯಿಸಿದ ಸಂಗತಿ ಬೇರೊಂದಿತ್ತು. ಶಿಷ್ಯನ ಫೋನಿನಿಂದ ಅವರಿಗೆ ಬಂದಂತೆಯೇ, ಅವರ ಫೋನಿನಿಂದ ಅವರ ಹೆಸರಿನಲ್ಲಿ ಅದೇ ಕರೆಯೋಲೆ ಎಷ್ಟೋ ಮಂದಿಗೆ ಹೋಗಿತ್ತು. ಮೇಷ್ಟ್ರು ಕಳುಹಿಸಿದ್ದಾರೆಂಬ ಗೌರವದಿಂದಲೇ ತೆರೆಯುವವರು ಅವರೆಲ್ಲ. ಅಂದು ಮಧ್ಯಾಹ್ನ ಊಟಕ್ಕೂ ಏಳದೆ ಅವರು ನಮ್ಮ ಮನೆಯ ಜಗುಲಿಯಲ್ಲಿ ಕುಳಿತು, ಹಳೆಯ ಟಿಪ್ಪಣಿ ಪುಸ್ತಕದಲ್ಲಿ ಬರೆದಿಟ್ಟಿದ್ದ ಸಂಖ್ಯೆಗಳಿಗೆ ಒಂದೊಂದಾಗಿ ಕರೆಮಾಡಿದರು. “ನಾನು ಮೋಸಹೋದೆನಪ್ಪ. ನನ್ನ ಹೆಸರಿನಲ್ಲಿ ಬಂದುದನ್ನು ತೆರೆಯಬೇಡ” ಎಂಬ ಮಾತನ್ನು ಮೊದಲ ಕರೆಯಲ್ಲಿ ಬಹು ಕಷ್ಟಪಟ್ಟು ಹೇಳಿದರು. ಹತ್ತನೆಯ ಕರೆಯ ಹೊತ್ತಿಗೆ ಅವರ ಧ್ವನಿ ಸಲೀಸಾಗಿತ್ತು. ಯಾರೂ ನಗಲಿಲ್ಲ. ಇಬ್ಬರು ತಾವಾಗಿಯೇ, “ನನಗೂ ಹೀಗೆ ಆಗಿತ್ತು, ಸಾರ್, ಯಾರಿಗೂ ಹೇಳಿರಲಿಲ್ಲ” ಎಂದರಂತೆ.