ಆ ಬೀಳುವಿಕೆಗೊಂದು ಲೆಕ್ಕವಿತ್ತು

ಚಾಮರಾಜಪೇಟೆಯ ನಮ್ಮ ಮನೆಯಲ್ಲಿ ಚಾಪ್ಲಿನ್ ಚಿತ್ರ ಹಾಕಿದರೆ, "ಬೀಳೋದು, ಒದೆಯೋದು, ಇದರಲ್ಲೇನಿದೆ?" ಎಂದು ಯಾರಾದರೂ ಎದ್ದುಹೋಗುತ್ತಾರೆ. ಅವರನ್ನು ಮತ್ತೆ ಕೂರಿಸಿಕೊಂಡು ಹೇಳಬೇಕಾದ ಮಾತುಗಳಿವು.

ತಪ್ಪು ಕಲ್ಪನೆ: ಮೂಕಿ ಹಾಸ್ಯವೆಂದರೆ ಬರೀ ಕೋತಿಚೇಷ್ಟೆ.

ವಾಸ್ತವ: ಬಸ್ಟರ್ ಕೀಟನ್‌ರ ‘ಒನ್ ವೀಕ್’ (1920) ನೋಡಿ. ಎರಡೇ ರೀಲು. ಹೊಸದಾಗಿ ಮದುವೆಯಾದವರು ಬಿಡಿಭಾಗಗಳನ್ನು ಜೋಡಿಸಿ ಮನೆ ಕಟ್ಟುತ್ತಾರೆ. ಹೊಟ್ಟೆಕಿಚ್ಚಿನವನೊಬ್ಬ ಪೆಟ್ಟಿಗೆಗಳ ನಂಬರು ತಿದ್ದಿರುವುದರಿಂದ ಮನೆ ಸೊಟ್ಟಪಟ್ಟ ಎದ್ದು ನಿಲ್ಲುತ್ತದೆ. ಕೊನೆಗೆ ಅದನ್ನು ಎಳೆದೊಯ್ಯುವಾಗ ರೈಲುಹಳಿಯ ಮೇಲೆ ಸಿಕ್ಕಿಕೊಳ್ಳುತ್ತದೆ. ರೈಲು ಬರುತ್ತದೆ, ಪಕ್ಕದ ಹಳಿಯಲ್ಲಿ ಹಾದುಹೋಗುತ್ತದೆ. ಸದ್ಯ, ಉಳಿಯಿತು! ಅಷ್ಟರಲ್ಲಿ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ನುಚ್ಚುನೂರು ಮಾಡುತ್ತದೆ. ನಗು ಹುಟ್ಟುವುದು ನಡುವಿನ ಆ ನಿಟ್ಟುಸಿರಿನ ಅಳತೆಯಲ್ಲಿ. ಕೀಟನ್‌ಗೆ ಈ ಲೆಕ್ಕ ಬಂದದ್ದು ಬಾಲ್ಯದಲ್ಲಿ, ಅಪ್ಪನೇ ಅವರನ್ನು ರಂಗದ ಮೇಲೆ ಎತ್ತಿ ಎಸೆಯುತ್ತಿದ್ದ ಆಟದಲ್ಲಿ.

ತಪ್ಪು ಕಲ್ಪನೆ: ಆಗಿನ ಜನ ಹಾಗೇ ದಡಬಡ ನಡೆಯುತ್ತಿದ್ದರು.

ವಾಸ್ತವ: ಕ್ಯಾಮೆರಾದ ಹಿಡಿಯನ್ನು ಕೈಯಲ್ಲಿ ತಿರುಗಿಸುತ್ತಾ ಕಡಿಮೆ ವೇಗದಲ್ಲಿ ತೆಗೆದ ಚಿತ್ರವನ್ನು ಟಾಕಿಯ ವೇಗದಲ್ಲಿ, ಸೆಕೆಂಡಿಗೆ 24 ಚೌಕಟ್ಟಿನಂತೆ ಓಡಿಸಿದರೆ ನಡಿಗೆ ಓಟವಾಗುತ್ತದೆ. ನಗೆಗೆಂದೇ ನಿಧಾನ ತಿರುಗಿಸಿ ತೆಗೆದದ್ದೂ ಉಂಟು.

ತಪ್ಪು ಕಲ್ಪನೆ: ನಮ್ಮೂರಿಗೂ ಮೂಕಿಗೂ ಸಂಬಂಧವಿಲ್ಲ.

ವಾಸ್ತವ: ಇದು ನನಗೆ ಹೆಚ್ಚು ನೋವು ಕೊಡುವ ಮರೆವು. ಹರಿಭಾಯಿ ದೇಸಾಯಿಯವರ ಸೂರ್ಯ ಫಿಲ್ಮ್ ಕಂಪನಿ ಬೆಂಗಳೂರಿನಲ್ಲೇ ಮೂಕಿಗಳನ್ನು ತಯಾರಿಸುತ್ತಿತ್ತು. ‘ಸದಾರಮೆ’ ನಾಟಕದ ಕಳ್ಳನಾಗಿ ನಾಡನ್ನೇ ನಗಿಸಿದ ಗುಬ್ಬಿ ವೀರಣ್ಣನವರು ‘ಹಿಸ್ ಲವ್ ಅಫೇರ್’ ಎಂಬ ಮೂಕಿಯಲ್ಲಿ ನಟಿಸಿದರು. ಕೀಟನ್‌ರಂತೆ ಅವರೂ ಎಳವೆಯಿಂದಲೇ ರಂಗದ ಮೇಲೆ ಬೆಳೆದವರು. ಮಾತನ್ನೇ ಆಟವಾಗಿಸಿದ ನಾಟಕಕಾರ ಟಿ.ಪಿ. ಕೈಲಾಸಂ ಕೂಡ ಮೋಹನ್ ಭವನಾನಿಯವರ ‘ವಸಂತಸೇನಾ’ದಲ್ಲಿ ಮಾತಿಲ್ಲದೆ ಅಭಿನಯಿಸಿದರು. ಕೈಲಾಸಂ, ಮಾತಿಲ್ಲದೆ!

ತಪ್ಪು ಕಲ್ಪನೆ: ಟಾಕಿ ಬಂತು, ಮೈಯ ಹಾಸ್ಯ ಮುಗಿಯಿತು.

ವಾಸ್ತವ: 1934ರ ಮಾರ್ಚ್ 3ರಂದು ಸಿಟಿ ಮಾರ್ಕೆಟ್ ಬಳಿಯ ಪ್ಯಾರಮೌಂಟ್ ಚಿತ್ರಮಂದಿರದಲ್ಲಿ ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನಾ’ ಮಾತಾಡಿತು, ನಿಜ. ಆದರೆ ವೀರಣ್ಣನವರ ಗುಬ್ಬಿ ನಾಟಕ ಕಂಪನಿಯಲ್ಲಿ ಪಳಗಿದ ಹಾಸ್ಯನಟ ನರಸಿಂಹರಾಜು ಬಾಯಿ ತೆರೆಯುವ ಮೊದಲೇ ಜನ ನಗುತ್ತಿದ್ದರು. 1987ರಲ್ಲಿ ಸಿಂಗೀತಂ ಶ್ರೀನಿವಾಸರಾವ್ ಇದೇ ಬೆಂಗಳೂರಿನಲ್ಲಿ, ಒಂದೂ ಸಂಭಾಷಣೆಯಿಲ್ಲದ ‘ಪುಷ್ಪಕ ವಿಮಾನ’ ತೆಗೆದರು. ಅದರಲ್ಲಿ ದೊಡ್ಡ ಹೋಟೆಲಿನ ಮೆತ್ತನೆಯ ಹಾಸಿಗೆಯಲ್ಲಿ ನಾಯಕನಿಗೆ ನಿದ್ದೆ ಹತ್ತುವುದಿಲ್ಲ. ತನ್ನ ಹಳೆಯ ಕೋಣೆಗೆ ಹೋಗಿ, ಪಕ್ಕದ ಚಿತ್ರಮಂದಿರದ ಗದ್ದಲವನ್ನು ಟೇಪ್‌ಗೆ ತುಂಬಿಸಿಕೊಂಡು ಬರುತ್ತಾನೆ. ಅದನ್ನು ಹಾಕಿಕೊಂಡು ಹಾಯಾಗಿ ಮಲಗುತ್ತಾನೆ.